ಐತೋರನ ಎಡ ಮಂಡಿ

"ಈ ಪದದ ಅರ್ಥ ಏನು? ಇದು ಕನ್ನಡ ಅಂತ ಕೆಳಗೆ ಯಾರೋ ಬರೆದಿದ್ದಾರೆ. ನಿಮ್ಮದೂ ಅದೇ ಭಾಷೆ ಅಲ್ಲವೇ?" ಎನ್ನುತ್ತ ಐತೋರ್ ಮಲಗಿದಲ್ಲಿಂದಲೇ ಫೋನನ್ನು ಎತ್ತಿ ಹಿಡಿದ.

ಪ್ರಣತಿಯ ಎರಡೂ ಕೈ ಅವನ ಎಡ ಮಂಡಿಯ ಮೇಲಿದ್ದವು. ಆಪರೇಷನ್ ಆದಮೇಲೆ ಬಿಗಿದುಕೊಂಡಿದ್ದ ಆ ಕೀಲನ್ನು ಅವಳು ಒಂದೊಂದೇ ಕೂದಲೆಳೆಯಷ್ಟು ಮಡಚುತ್ತಿದ್ದಳು. ತಲೆಯೆತ್ತಿ ನೋಡುವ ಅಗತ್ಯವೇ ಬೀಳಲಿಲ್ಲ. ಫೋನಿನಿಂದ ಬಂದ ದನಿ ಸಾಕಿತ್ತು.

"ನೋಡ್ರಪ್ಪ, ಮತ್ತೆ ಹಿಂದಕ್ಕೇ ಕೊಟ್ಟ! ಮುಂದೆ ಇಬ್ರು ಖಾಲಿ ನಿಂತಿದಾರೆ, ಈ ಮಹಾನುಭಾವ ತನ್ನ ಗೋಲ್‌ಕೀಪರ್‌ಗೆ ಕೊಡ್ತಾನೆ. ದಂಡಪಿಂಡ! ಅಪ್ಪಟ ದಂಡಪಿಂಡ!"

ಹಿಂದಿನಿಂದ ನಾಲ್ಕೈದು ಗಂಡಸರು ನಕ್ಕ ಸದ್ದು. ತಟ್ಟೆಗೆ ಚಮಚ ತಾಗಿದ ಸದ್ದು. ಅದು ಸ್ಯಾನ್ ಡಿಯಾಗೋದ ತನ್ನ ಮನೆಯ ಹಾಲ್ ಎಂದೂ, ತಟ್ಟೆಯಲ್ಲಿರುವುದು ಅಮ್ಮ ಮಾಡಿದ ಉಪ್ಪಿಟ್ಟೆಂದೂ ಅವಳಿಗೆ ಗೊತ್ತಾಯಿತು.

"ಕೆಲಸಕ್ಕೆ ಬಾರದವನು ಅಂತ," ಎಂದಳು ಇಂಗ್ಲಿಷಿನಲ್ಲಿ. "ತಿಂದ ಅನ್ನವೂ ದಂಡ ಅನ್ನುವಂಥವನು."

"ಹಾಗೇ ಇರಬೇಕು ಅಂದುಕೊಂಡೆ," ಎಂದ ಐತೋರ್. "ಮೈದಾನದಲ್ಲಿ ನಾನು ಮೈ ಬೆಚ್ಚಗೆ ಮಾಡಿಕೊಳ್ಳುವಾಗ ಇದನ್ನೇ ಹಾಡುತ್ತಿದ್ದರು. ಮೊದಲು ಯಾವುದೋ ಬ್ರೆಜಿಲಿನ ಹಾಡು ಅಂದುಕೊಂಡಿದ್ದೆ. ತಾಳಕ್ಕೆ ಚೆನ್ನಾಗಿ ಕೂರುತ್ತೆ." ಆಮೇಲೆ ಕೇಳಿದ, "ಇವರು ಯಾರು, ಗೊತ್ತೇ?"

"ನಮ್ಮ ಕಡೆಯವರು," ಎಂದಳು ಪ್ರಣತಿ. ಸುಳ್ಳೇನಲ್ಲ. ಮಂಡಿಯನ್ನು ಇನ್ನಷ್ಟು ಮಡಚಿದಳು. ಅವನು ಹಲ್ಲು ಕಚ್ಚಿದ. ಮಾತು ಅಲ್ಲಿಗೆ ನಿಂತಿತು.

ಪ್ರಣತಿಯ ಅಪ್ಪ ನರಹರಿ ಸೊರೆಂಟೊ ವ್ಯಾಲಿಯ ಟೆಲಿಕಾಂ ಕಂಪನಿಯೊಂದರಲ್ಲಿ ಇಪ್ಪತ್ತು ವರ್ಷ ಮ್ಯಾನೇಜರಾಗಿದ್ದು, ಕಂಪನಿಯವರೇ ಸಾಕೆಂದು ಕಳಿಸಿದ ಮೇಲೆ ತಾನೇ ಬಿಟ್ಟೆನೆಂದು ಹೇಳಿಕೊಂಡು ತಿರುಗಿದವರು. ಕಾಲಿಗೆ ಚೆಂಡು ಸೋಕಿಸಿಕೊಂಡವರೇ ಅಲ್ಲ. ಆದರೂ 2020ರಲ್ಲಿ, ಜನ ಮನೆಯೊಳಗೆ ಕೂತು ಏನು ಮಾಡಬೇಕೋ ತಿಳಿಯದೆ ಇದ್ದಾಗ, ಇಂಗ್ಲೆಂಡಿನ ಫುಟ್‌ಬಾಲಿನ ಮೇಲೆ ಒಂದು ಯೂಟ್ಯೂಬ್ ಚಾನೆಲ್ ತೆರೆದರು. ಅರ್ಧ ಇಂಗ್ಲಿಷ್, ಬೈಗುಳ ಪೂರಾ ಕನ್ನಡ. ಪ್ರೇಕ್ಷಕರಿಲ್ಲದ ಖಾಲಿ ಮೈದಾನದಲ್ಲಿ ಆಟಗಾರರ ಕೂಗು ಟೀವಿಯಲ್ಲಿ ಕೇಳುತ್ತಿದ್ದ ಕಾಲ ಅದು. "ಕೇಳಿಸ್ತಾ? ಎಲ್ರೂ ಕೂಗ್ತಿದಾರೆ, ಐತೋರ್ ಒಬ್ಬ ಮಾತ್ರ ಇಲ್ಲ. ಪಾಪ, ಯೋಚನೆ ಮಾಡ್ತಿದಾನೆ," ಎನ್ನುತ್ತಿದ್ದರು. ನಿರ್ಬಂಧ ಸಡಿಲಾದ ಮೇಲೆ ಗುರುಕಿರಣ್ ಮೊದಲಾದ ಗೆಳೆಯರು ಶನಿವಾರ ಬೆಳಗ್ಗೆ ಮನೆಗೇ ಬಂದು ನಗಲು ಶುರುಮಾಡಿದರು.

ಐತೋರ್ ಮೆಂದಿಲುಸೆ ನರಹರಿಯ ಪ್ರೀತಿಯ ಕ್ಲಬ್ಬಿನ ಮಿಡ್‌ಫೀಲ್ಡರ್. ಸ್ಪೇನಿನ ಉತ್ತರದ ಒಂದು ಸಣ್ಣ ಊರಿನಿಂದ ಉತ್ತರ ಇಂಗ್ಲೆಂಡಿಗೆ ಬಂದು, ಮೊದಲೆರಡು ಸೀಸನ್ ಚೆಂಡನ್ನು ಸಾಕಿದ ಬೆಕ್ಕಿನಂತೆ ಕಾಲ ಬಳಿ ಇಟ್ಟುಕೊಂಡು ಆಡಿದ. ಆಗ ನರಹರಿ ಅವನ ಹೆಸರಿನ ಅಂಗಿ ತರಿಸಿಕೊಂಡಿದ್ದರು. ಆಮೇಲೆ ಅವನು ನಿಧಾನವಾದ. ಬಂದ ಚೆಂಡನ್ನು ಬಂದ ಕಡೆಗೇ ಕಳಿಸತೊಡಗಿದ. ನರಹರಿಯ 'ದಂಡಪಿಂಡ'ವನ್ನು ಇಂಗ್ಲೆಂಡಿನಲ್ಲಿದ್ದ ಯಾವನೋ ಕತ್ತರಿಸಿ, ಡೋಲು ಸೇರಿಸಿ ಹರಿಯಬಿಟ್ಟ. ಅದರ ಅರ್ಥ ತಿಳಿಯದ ಸಾವಿರಾರು ಜನ ಅದನ್ನು ಕಲಿತರು. ಏಳು ಸಮುದ್ರದಾಚೆ ಒಬ್ಬನನ್ನು ಆಡಿಕೊಳ್ಳಲು ತಾನು ಒಂದು ಪದ ಕೊಟ್ಟೆನೆಂದು ನರಹರಿ ಯುಗಾದಿಯ ದಿನ ಕನ್ನಡ ಸಂಘದಲ್ಲಿ ಎಲ್ಲರಿಗೂ ಹೇಳಿದರು.

"ಇಪ್ಪತ್ತು ವರ್ಷ ಆಫೀಸಲ್ಲಿ ಬಂದ ಈಮೇಲನ್ನೆಲ್ಲಾ ಪಕ್ಕದೋರಿಗೆ ಫಾರ್ವರ್ಡ್ ಮಾಡಿ ಕೂತಿದ್ರಿ," ಎಂದು ಅವರ ಹೆಂಡತಿ ಮೈಥಿಲಿ ಒಮ್ಮೆ ಅಂದಿದ್ದರು. "ಆ ಹುಡುಗ ಪಾಸ್ ಮಾಡಿದ್ರೆ ಮಾತ್ರ ನಿಮಗೆ ತಡಿಯಲ್ಲ." ಆ ಮಾತನ್ನು ನರಹರಿ ಕೇಳಿಸಿಕೊಳ್ಳಲಿಲ್ಲ. ಬೇಡದ್ದನ್ನು ಕೇಳಿಸಿಕೊಳ್ಳದಿರುವ ವಿದ್ಯೆ ಅವರಿಗೆ ಮೊದಲಿನಿಂದಲೂ ಸಿದ್ಧಿಸಿತ್ತು.

ಮಗಳ ಮೇಲೂ ಅವರಿಗೆ ಅಂಥದೇ ತಾತ್ಸಾರ. ಎಂ.ಡಿ. ಮಾಡಲಿಲ್ಲ, ಫಿಸಿಯೋಥೆರಪಿ ಹಿಡಿದಳು. ಅದರಲ್ಲೇ ಡಾಕ್ಟರೇಟ್ ಪಡೆದು, ಮನೆಯಿಂದ ಎರಡು ಗಂಟೆ ದಾರಿಯ ಎಲ್ ಸೆಗುಂಡೋದಲ್ಲಿ ಆಟಗಾರರಿಗೆಂದೇ ಇರುವ ಕ್ಲಿನಿಕ್ಕಿನಲ್ಲಿ ಹೆಸರು ಮಾಡಿದರೂ ಅವರ ಬಾಯಲ್ಲಿ ಅದು 'ಮಾಲೀಶು'. ನೆಂಟರು ಕೇಳಿದರೆ "ಮೆಡಿಕಲ್ ಲೈನಲ್ಲಿದಾಳೆ" ಎಂದು ಮಾತು ತಿರುಗಿಸುತ್ತಿದ್ದರು.

ಆಪರೇಷನ್ನಿಗೆಂದು ಇಂಗ್ಲೆಂಡಿನಿಂದ ಇಲ್ಲಿಗೆ ಬಂದ ಐತೋರನ ಮಂಡಿ ತನ್ನ ಕೈಗೆ ಬಂದ ಮೊದಲ ದಿನವೇ ಪ್ರಣತಿ ಸ್ಕ್ಯಾನುಗಳನ್ನು ನೋಡಿದ್ದಳು. ಎರಡು ಸೀಸನ್ ಪೂರ್ತಿ ಐತೋರ್ ಇಂಜೆಕ್ಷನ್ ಚುಚ್ಚಿಸಿಕೊಂಡು ಆಡಿದ್ದ. ಒಳಗಿನ ಮೆತ್ತೆ ಹರಿದು ಹೋಗಿತ್ತು. ಎಡಗಾಲೂರಿ ತಿರುಗಿದರೆ ಮೂಳೆಗೆ ಮೂಳೆ ತಾಗುತ್ತಿತ್ತು. ತಿರುಗಲಾಗದವನು ಚೆಂಡನ್ನು ಬಂದ ಕಡೆಗೆ ಕೊಡದೆ ಇನ್ನೆಲ್ಲಿಗೆ ಕೊಡಬೇಕು? ಎದುರಾಳಿಗಳಿಗೆ ಸುಳಿವು ಸಿಗಬಾರದೆಂದು ಕ್ಲಬ್ಬಿನವರು ಬಾಯಿ ಮುಚ್ಚಿಕೊಂಡಿರಲು ಹೇಳಿದ್ದರು, ಅವನು ಮುಚ್ಚಿಕೊಂಡಿದ್ದ. ಶನಿವಾರಗಳಂದು ಅಪ್ಪ ಫೋನು ಮಾಡಿ ಅವನ ಹಳೆಯ ಆಟ ನೆನೆದು ಹೀಯಾಳಿಸುವಾಗ ಪ್ರಣತಿಯೂ ಬಾಯಿ ಮುಚ್ಚಿಕೊಂಡಿರುತ್ತಿದ್ದಳು. ರೋಗಿಯ ವಿಷಯ ಹೊರಗೆ ಆಡುವಂತಿರಲಿಲ್ಲ. ಆದರೆ ಫೋನಿಟ್ಟ ಮೇಲೆ ಪ್ರತಿಸಲ ಅವಳಿಗೆ ಕೈ ತೊಳೆದುಕೊಳ್ಳಬೇಕು ಅನ್ನಿಸುತ್ತಿತ್ತು.

ವಿಷಯವನ್ನು ಹೊರಗೆ ಬಿಟ್ಟವನು ಐತೋರನೇ. ಮೊದಲ ಸಲ ನೋವಿಲ್ಲದೆ ಓಡಿದ ದಿನ ಪ್ರಣತಿಯ ಜೊತೆ ನಿಂತು ಫೋಟೋ ತೆಗೆಸಿಕೊಂಡು, 'ದಿನಾ ಬೆಳಗ್ಗೆ ನನ್ನನ್ನು ಅಳಿಸುವ ಡಾಕ್ಟರ್' ಎಂದು ಇನ್‌ಸ್ಟಾಗ್ರಾಮಿನಲ್ಲಿ ಹಾಕಿದ. ಅದನ್ನು ಮೊದಲು ನೋಡಿದ್ದು ಗುರುಕಿರಣ್. ಸಂಜೆಯೊಳಗೆ ಅಪ್ಪನ ಫೋನು ಬಂತು.

"ಪುಟ್ಟಾ, ಐತೋರ್ ನಿನ್ನ ಪೇಷಂಟಾ? ಒಂದ್ ಮಾತು ಹೇಳೋದಲ್ವೇನೇ?"

"ಹೇಳೋ ಹಾಗಿಲ್ಲ, ಅಪ್ಪ."

"ಅಪ್ಪಂಗೂ?"

"ಅಪ್ಪಂಗಂತೂ ಇಲ್ವೇ ಇಲ್ಲ."

ನರಹರಿ ಅದನ್ನು ತಮಾಷೆಯೆಂದು ತಿಳಿದು ನಕ್ಕರು. ಮಾರನೆಯ ದಿನ ವಾಟ್ಸಾಪಿನಲ್ಲಿ ಆ ಫೋಟೋ ಊರೂರು ಸುತ್ತಿತು. ಕೆಳಗೆ 'ನಮ್ಮ ಡಾಕ್ಟರ್ ಮಗಳು' ಎಂದಿತ್ತು. ಏಳು ವರ್ಷದ ಓದಿಗೆ ಸಿಗದಿದ್ದ ಆ ಹೆಸರು ಒಬ್ಬ ದಂಡಪಿಂಡನ ಪಕ್ಕದಲ್ಲಿ ನಿಂತಿದ್ದಕ್ಕೆ ಸಿಕ್ಕಿತು.

ಜೂನ್ ತಿಂಗಳ ಒಂದು ಶನಿವಾರ. ಸೀಸನ್ ಮುಗಿದು ನರಹರಿಗೆ ಬೆಳಗಿನ ಕೆಲಸವಿರಲಿಲ್ಲ. ಹೆಂಡತಿಯನ್ನು ಕರೆದುಕೊಂಡು ಕ್ಯಾಲಬಾಸಸ್‌ನ ದೇವಸ್ಥಾನಕ್ಕೆ ಹೋದವರು, ಹೇಳದೆ ಕೇಳದೆ ನೇರ ಕ್ಲಿನಿಕ್ಕಿಗೆ ಬಂದರು. ರಿಸೆಪ್ಶನ್ನಿನಲ್ಲಿ ಅವರ ದನಿ ಎದ್ದಿತು: "ನಾನು ಡಾಕ್ಟರ ತಂದೆ. ಅಪಾಯಿಂಟ್‌ಮೆಂಟ್ ಯಾಕೆ ಬೇಕು?"

ಒಳಗೆ ಸೈಕಲ್ ತುಳಿಯುತ್ತಿದ್ದ ಐತೋರನ ಕಾಲು ನಿಂತಿತು. ಅವನು ಬಾಗಿಲ ಕಡೆ ನೋಡಿದ. ಆಮೇಲೆ ಪ್ರಣತಿಯ ಕಡೆ. ಆ ದನಿಯನ್ನು ಅವನೂ ಎಷ್ಟೋ ಸಲ ಕೇಳಿದ್ದ.

"ಆ ಮನುಷ್ಯ," ಎಂದ.

"ನನ್ನ ತಂದೆ," ಎಂದಳು ಪ್ರಣತಿ. "ಆವತ್ತೇ ಹೇಳಬೇಕಿತ್ತು. ಈಗಲೇ ವಾಪಸ್ ಕಳಿಸುತ್ತೇನೆ."

ಐತೋರ್ ಟವೆಲಿನಿಂದ ಮುಖ ಒರೆಸಿಕೊಂಡ. "ಬೇಡ. ಬರಲಿ. ಮುಖ ನೋಡೋಣ."

ನರಹರಿ ಬಂದರು. ಹಣೆಯಲ್ಲಿ ಕುಂಕುಮ, ಹೊಟ್ಟೆಯ ಮೇಲೆ ಬಿಗಿದ ಕ್ಲಬ್ಬಿನ ಅಂಗಿ, ಬೆನ್ನಿನಲ್ಲಿ ಐತೋರನದೇ ಹೆಸರು. ಹಿಂದೆ ಪುಳಿಯೋಗರೆಯ ಡಬ್ಬಿ ಹಿಡಿದ ಮೈಥಿಲಿ. ನರಹರಿ ಎರಡೂ ಕೈಯಿಂದ ಐತೋರನ ಕೈ ಹಿಡಿದರು, ಬಗ್ಗಿದರು. ದೇವರ ಮುಂದೆಯೂ ಅಪ್ಪ ಅಷ್ಟು ಬಗ್ಗಿದ್ದನ್ನು ಪ್ರಣತಿ ಕಂಡಿರಲಿಲ್ಲ.

"ಸರ್, ನಂಬಿ ಸರ್, ನಿಮ್ಮಂಥ ಆಟ ನಾನು ನೋಡೇ ಇಲ್ಲ," ಎಂದು ಅರವತ್ತು ದಾಟಿದ ಆ ಮನುಷ್ಯ ಮೂವತ್ತರ ಹುಡುಗನಿಗೆ ಇಂಗ್ಲಿಷಿನಲ್ಲಿ ಹೇಳಿದರು. "ಜನಕ್ಕೆ ಅರ್ಥ ಆಗಲ್ಲ ಸರ್. ತಲೆಯಿಂದ ಆಡೋರನ್ನ ಜನ ಯಾವತ್ತೂ ಅರ್ಥ ಮಾಡ್ಕೊಂಡಿಲ್ಲ."

"ನಿಮ್ಮ ಚಾನೆಲ್ ನೋಡಿದ್ದೇನೆ," ಎಂದ ಐತೋರ್.

ನರಹರಿಯ ಮುಖ ಒಂದು ಕ್ಷಣ ಬಿಳುಚಿತು, ಕೂಡಲೇ ಅರಳಿತು. "ನಿಜವಾಗ್ಲೂ?"

"ಅದರಲ್ಲಿ ಒಂದು ಪದ ಇದೆ. ದಾಂದಪಿಂದ. ಏನು ಹಾಗಂದರೆ?"

ಮೈಥಿಲಿ ಗೋಡೆಯ ಪಕ್ಕದ ಕುರ್ಚಿಯಲ್ಲಿ ಕೂತು ಡಬ್ಬಿಯ ಮುಚ್ಚಳ ನೋಡತೊಡಗಿದರು.

"ಓ, ಅದಾ!" ಎಂದರು ನರಹರಿ. ತಡವರಿಸಲೂ ಇಲ್ಲ. "ದಂಡ ಅಂದ್ರೆ ಕೋಲು ಸರ್. ಪಿಂಡ ಅಂದ್ರೆ ದೇಹ. ಕಬ್ಬಿಣದ ಕೋಲಿನಂಥ ದೇಹ ಇರೋನು. ಸಂಸ್ಕೃತ! ನಮ್ಮಲ್ಲಿ ದೊಡ್ಡ ದೊಡ್ಡ ಜಟ್ಟಿಗಳಿಗೆ ಹಾಗಂತಾರೆ. ಬೇಕಾದ್ರೆ ಮಗಳನ್ನೇ ಕೇಳಿ, ಡಾಕ್ಟರು." ಆಮೇಲೆ ಮುಖದ ನಗು ಹಾಗೇ ಇಟ್ಟುಕೊಂಡು ಕನ್ನಡದಲ್ಲಿ, "ಹೂಂ ಅನ್ನೇ," ಎಂದರು.

ಹೂಂ ಅಂದಿದ್ದರೆ ಎಲ್ಲ ಮುಗಿಯುತ್ತಿತ್ತು. ಪ್ರಣತಿ ಹುಟ್ಟಿದಾಗಿನಿಂದ ಆ ಮನೆಯಲ್ಲಿ ಅದನ್ನೇ ಅಂದವಳು. ಅವಳು ಐತೋರನ ಕಡೆ ತಿರುಗಿದಳು.

"ನಾನು ಆವತ್ತು ಹೇಳಿದ್ದೇ ಅರ್ಥ," ಎಂದಳು. "ಬೇರೆ ಅರ್ಥ ಇಲ್ಲ."

ಪಕ್ಕದ ಕೋಣೆಯಲ್ಲಿ ಯಾರೋ ಭಾರ ಎತ್ತಿ ಇಟ್ಟ ಸದ್ದಾಯಿತು. ನರಹರಿಯ ಹಣೆಯ ಕುಂಕುಮ ಬೆವರಿಗೆ ಕದಡಿ ಮೂಗಿನ ಕಡೆ ಇಳಿಯುತ್ತಿತ್ತು.

ಐತೋರ್ ಕೋಪಿಸಿಕೊಳ್ಳಲಿಲ್ಲ. ಅವನ ಮುಖದಲ್ಲಿದ್ದುದು ಕೋಪಕ್ಕಿಂತ ತಣ್ಣಗಿನದು. "ನಮ್ಮ ಆಟ ನಡೆಯುವಾಗ ನಿಮ್ಮಲ್ಲಿ ಬೆಳಗಿನ ಜಾವ ಅಲ್ಲವೇ?" ಎಂದು ಕೇಳಿದ. "ಪ್ರತಿ ವಾರ ಎದ್ದು ಕೂತು ನನ್ನನ್ನು ನೋಡುತ್ತಿದ್ದಿರಾ?"

"ಒಂದು ಆಟ ಬಿಟ್ಟಿಲ್ಲ ಸರ್."

"ನನ್ನ ಅಣ್ಣ ಬಿಟ್ಟುಬಿಟ್ಟ. ನೋಡಲು ಆಗುವುದಿಲ್ಲ ಅಂದ."

ಇನ್ನೊಬ್ಬನಾಗಿದ್ದರೆ ಅಲ್ಲಿಗೆ ತಲೆ ತಗ್ಗಿಸಿ ಹೊರಟುಬಿಡುತ್ತಿದ್ದ. ನರಹರಿ ಅದನ್ನು ಮೆಚ್ಚುಗೆಯೆಂದು ತೆಗೆದುಕೊಂಡರು. ಸ್ಟೂಲ್ ಎಳೆದುಕೊಂಡು ಕೂತರು. "ಹಾಗಿದ್ರೆ ಒಂದು ಮಾತು ಹೇಳ್ಲಾ ಸರ್? ತಪ್ಪು ತಿಳ್ಕೋಬೇಡಿ. ಚೆಂಡು ಬಂದ ತಕ್ಷಣ ನೀವು ತಿರುಗ್ಬೇಕು. ತಿರುಗಲ್ಲ ನೀವು. ಅಷ್ಟೇ ಪ್ರಾಬ್ಲಮ್." ಮತ್ತೆ ಎದ್ದರು. ರಬ್ಬರ್ ನೆಲದ ಮೇಲೆ ಎಡಗಾಲೂರಿ ತಿರುಗಿ ತೋರಿಸಿದರು. ಹೊಟ್ಟೆ ಮೊದಲು ತಿರುಗಿತು, ಕಾಲು ಆಮೇಲೆ. ಬೀಳದಿರಲು ಸೈಕಲ್ಲಿನ ಹಿಡಿ ಹಿಡಿದುಕೊಂಡರು. "ಹೀಗೆ. ಇಷ್ಟೇ. ಹನ್ನೆರಡು ವರ್ಷದ ಮಕ್ಕಳೂ ಮಾಡ್ತಾರೆ."

"ಅಪ್ಪ, ಹೊರಡಿ," ಎಂದಳು ಪ್ರಣತಿ.

"ಇರೇ, ಒಂದು ಫೋಟೋ..."

"ಹೊರಡಿ ಅಂದೆ."

ನರಹರಿಗೆ ಈಗ ಸಿಟ್ಟು ಬಂತು. "ಹೊರಗಿನೋನ ಮುಂದೆ ಅಪ್ಪನ ಮಾನ ಕಳೀತೀಯಲ್ಲೇ!"

"ಊರೆಲ್ಲಾ ನೀವು ಅವನ ಮಾನ ಕಳೆದ್ರಿ. ನಾನು ಒಂದ್ ಮಾತಾದ್ರೂ ಅಂದ್ನಾ? ಇವತ್ತು ಒಂದೇ ಒಂದು ನಿಜ ಹೇಳಿದ್ದಕ್ಕೆ ನಿಮ್ಮ ಮಾನ ಹೋಯ್ತಾ?"

"ಫೋಟೋ ತೆಗೆದುಕೊಳ್ಳಲಿ ಬಿಡಿ," ಎಂದ ಐತೋರ್. ಮಾತು ತಿಳಿಯದಿದ್ದರೂ ಜಗಳ ಅವನಿಗೆ ತಿಳಿದಿತ್ತು. ಅವನು ಸೈಕಲ್ಲಿನಿಂದ ಇಳಿದು ನಿಂತ. ನರಹರಿ ಅವನ ಹೆಗಲ ಮೇಲೆ ಕೈ ಹಾಕಿದರು. ಫೋಟೋ ತೆಗೆದದ್ದು ಮೈಥಿಲಿ. ಆಮೇಲೆ ಅವರು ಪುಳಿಯೋಗರೆಯ ಡಬ್ಬಿಯನ್ನು ಮಗಳ ಮೇಜಿನ ಮೇಲಿಟ್ಟರು. "ನಡೀರಿ, ದಾರಿಯಲ್ಲಿ ಟ್ರಾಫಿಕ್ ಆಗತ್ತೆ," ಎಂದು ಗಂಡನಿಗೆ ಹೇಳಿದರು. ಬಾಗಿಲ ಬಳಿ ಒಂದು ಗಳಿಗೆ ನಿಂತು ಮಗಳ ಕಡೆ ನೋಡಿದರು. ಬೈಯುವ ನೋಟವಾಗಿರಲಿಲ್ಲ.

ಅವರು ಹೋದ ಮೇಲೆ ಐತೋರ್ ಬಂದು ಮಂಚದ ಮೇಲೆ ಕೂತ. "ಅವರು ಹೇಳಿದ್ದು ಸುಳ್ಳಲ್ಲ. ನಾನು ತಿರುಗುತ್ತಿರಲಿಲ್ಲ," ಎಂದ.

"ಮಲಗಿ," ಎಂದಳು ಪ್ರಣತಿ. "ಇನ್ನೂ ಬಾಕಿ ಇದೆ."

ನರಹರಿ ಎರಡು ವಾರ ಫೋನು ಮಾಡಲಿಲ್ಲ. ಆದರೆ ಚಾನೆಲ್ಲಿನ ಮುಖಚಿತ್ರ ಬದಲಾಗಿತ್ತು. ಹೆಗಲ ಮೇಲೆ ಕೈ ಹಾಕಿದ ಅದೇ ಫೋಟೋ. ಹಳೆಯ ವಿಡಿಯೋಗಳು ಮಾಯವಾದವು. ಹೊಸದರಲ್ಲಿ 'ನನ್ನ ಸ್ನೇಹಿತ ಐತೋರ್' ಎಂಬ ಮಾತು ಮತ್ತೆ ಮತ್ತೆ ಬರುತ್ತಿತ್ತು. ಅವನ ಮಂಡಿಯ ವಿಷಯ ತನಗೆ ಮೊದಲಿನಿಂದಲೂ ಗೊತ್ತಿತ್ತೆಂದೂ, ಗೊತ್ತಿಲ್ಲದ ಮೂರ್ಖರು ಅವನನ್ನು ಆಡಿಕೊಂಡರೆಂದೂ ನರಹರಿ ಹೇಳಿದರು. ಗುರುಕಿರಣ್ ಮತ್ತು ಉಳಿದವರು ಆ ಮೂರ್ಖರನ್ನು ನೆನೆದು ನಕ್ಕರು. ಪ್ರಣತಿ ಆ ವಿಡಿಯೋವನ್ನು ಅರ್ಧ ನೋಡಿದಳು. ಇದಕ್ಕಿಂತ ಬೈಯುತ್ತಿದ್ದ ಅಪ್ಪನೇ ಎಷ್ಟೋ ವಾಸಿ ಅನ್ನಿಸಿತು.

ಐತೋರ್ ಆಗಸ್ಟಿನಲ್ಲಿ ಇಂಗ್ಲೆಂಡಿಗೆ ಮರಳಿದ. ಅವನ ಕ್ಲಬ್ಬು ಅವನನ್ನು ಇಟ್ಟುಕೊಳ್ಳಲಿಲ್ಲ. ಕೆಳಗಿನ ದರ್ಜೆಯ ಒಂದು ತಂಡ ಸೇರಿಸಿಕೊಂಡಿತು. ವಾರಗಟ್ಟಲೆ ಬೆಂಚಿನ ಮೇಲೆ ಕೂತ. ಡಿಸೆಂಬರಿನ ಒಂದು ಶನಿವಾರ ಬೆಳಗ್ಗೆ ಅವನಿಂದ ಪ್ರಣತಿಗೆ ಒಂದು ಸಾಲಿನ ಸಂದೇಶ ಬಂತು: 'ಇವತ್ತು ಬಹುಶಃ.'

ಅವಳು ಅದುವರೆಗೂ ಒಂದು ಫುಟ್‌ಬಾಲ್ ಪಂದ್ಯವನ್ನೂ ಪೂರ್ತಿ ನೋಡಿದವಳಲ್ಲ. ಕಾಫಿ ಲೋಟ ಹಿಡಿದು ಟೀವಿಯ ಮುಂದೆ ನೆಲದ ಮೇಲೆ ಕೂತಳು. ಅಲ್ಲಿ ಮಧ್ಯಾಹ್ನದ ಮಬ್ಬು, ಮೈದಾನದಲ್ಲಿ ಜನ ವಿರಳ. ಕೊನೆಯ ಭಾಗದಲ್ಲಿ ಅವನು ಇಳಿದ. ಯಾರೂ ಹಾಡಲಿಲ್ಲ. ಒಂದು ಚೆಂಡು ಅವನ ಕಡೆ ಬಂತು. ಹಿಂದಿನಿಂದ ಒಬ್ಬ ನುಗ್ಗಿ ಬರುತ್ತಿದ್ದ. ಐತೋರ್ ಎಡಗಾಲನ್ನು ಹುಲ್ಲಿಗೆ ಊರಿ ತಿರುಗಿದ.

ಚೆಂಡು ಆಮೇಲೆ ಎಲ್ಲಿಗೆ ಹೋಯಿತೋ ಪ್ರಣತಿ ನೋಡಲಿಲ್ಲ. ಎಲ್ಲರೂ ಪರದೆಯ ಬಲ ಅಂಚಿನ ಕಡೆ ಓಡಿದರು. ಟೀವಿಯವನು ಕೂಗುತ್ತಿದ್ದ. ಅವಳು ಎರಡೂ ಕೈಯಲ್ಲಿ ಲೋಟ ಹಿಡಿದುಕೊಂಡು, ಖಾಲಿಯಾದ ಹುಲ್ಲಿನ ಮೇಲೆ ಒಂದು ಕ್ಷಣ ನಿಂತು ಮತ್ತೆ ಓಡತೊಡಗಿದ ಆ ಮಂಡಿಯೊಂದನ್ನೇ ನೋಡುತ್ತಿದ್ದಳು.