ಮೊದ್ದು ಮಾವಿನ ತಾಯಿಮರ

ಅಂಗಡಿಯಲ್ಲಿ ಯಾರಾದರೂ "ಮೊದ್ದು ಬಂದಿದೆಯಾ?" ಎಂದು ಕೇಳಿದರೆ ನನಗೆ ಇವತ್ತಿಗೂ ಸಿಟ್ಟು ಬರುತ್ತದೆ. ಹಣ್ಣಿನ ಹೆಸರಾಗುವ ಮೊದಲು ಅದು ನನ್ನ ತಂಗಿಯ ಹೆಸರು. ನಾಲ್ಕು ವರ್ಷ ತುಂಬುವವರೆಗೂ ಬಾಯಿ ಬಿಡಲಿಲ್ಲವೆಂದು ಮನೆಯವರೆಲ್ಲ ಅವಳನ್ನು ಮೊದ್ದು ಎಂದು ಕರೆದರು. ಮಾತು ಬಂದ ಮೇಲಾದರೂ ಆ ಹೆಸರು ಹೋಗಬೇಕಿತ್ತು, ಹೋಗಲಿಲ್ಲ. ಅದನ್ನು ಹಣ್ಣಿಗೆ ಅಂಟಿಸಿದವಳು ನಾನೇ. ಹಾಗಾಗಿ ಸಿಟ್ಟು ಯಾರ ಮೇಲೆ ಎಂದು ಕೇಳಬೇಡಿ.

ಏಳು ವರ್ಷದವಳಿದ್ದಾಗ ಅವಳು ಹಿತ್ತಲಲ್ಲಿ ಬಟ್ಟೆ ಒಗೆಯುವ ಕಲ್ಲಿನ ಮೇಲೆ ಕೂತು ಯಾವುದೋ ಮಾವಿನಹಣ್ಣು ತಿಂದು ಓಟೆಯನ್ನು ಅಲ್ಲೇ ಬಿಸಾಡಿದಳು. ಗಿಡ ಬಂತು. ಅಮ್ಮ ಕೀಳಲು ಹೋದಾಗ ಅಡ್ಡ ಕೂತು ರಂಪ ಮಾಡಿದಳು. ಎಂಟನೆಯ ವರ್ಷ ಫಲ ಬಿಟ್ಟಿತು. ಹಣ್ಣಾದರೂ ಸಿಪ್ಪೆಯ ಹಸಿರು ಹೋಗದ ಜಾತಿ ಅದು. ಕಾಯಿ ಎಂದುಕೊಂಡು ನಾವ್ಯಾರೂ ಮುಟ್ಟಲಿಲ್ಲ. ಅವಳೊಬ್ಬಳೇ ದಿನಾ ಒಂದೊಂದನ್ನೂ ಮೂಸಿ ನೋಡಿ, ಕೊನೆಗೆ ಒಂದನ್ನು ಕಿತ್ತು ನನ್ನ ಕೈಗಿಟ್ಟಳು.

"ಅಕ್ಕ, ತಿನ್ನು. ಮಾತಾಡ್ಬೇಡ, ತಿನ್ನು."

ತಿಂದೆ. ನಾರೆಂಬುದೇ ಇಲ್ಲ. ಆ ರುಚಿಯನ್ನು ಹೇಳಲು ಹೋಗುವುದಿಲ್ಲ, ನೀವೂ ತಿಂದೇ ಇರುತ್ತೀರಿ.

ಆಗಲೇ ನಾನು ಅಪ್ಪನಿಂದ ಕಸಿ ಕಟ್ಟುವುದನ್ನು ಕಲಿತಿದ್ದೆ. ಕಾಡುಮಾವಿನ ಸಸಿಯ ತಲೆ ಕತ್ತರಿಸಿ, ಬುಡವನ್ನು ಸೀಳಿ, ಒಳ್ಳೆಯ ಮರದ ಕುಡಿಯನ್ನು ಅದರೊಳಗೆ ಕೂರಿಸಿ ಪಟ್ಟಿ ಸುತ್ತುವ ಕೆಲಸ. ಮೊದಲ ವರ್ಷ ಹತ್ತು ಸಸಿ ಕಟ್ಟಿದೆ. ಕೊಳ್ಳಲು ಬಂದ ನರ್ಸರಿಯ ಯಜಮಾನರು ತಳಿಯ ಹೆಸರು ಕೇಳಿದರು. "ನೋಡೋಕೆ ಪೆದ್ದುಪೆದ್ದು, ಒಳಗೆ ಮಾತ್ರ ಚಿನ್ನ. ಮೊದ್ದು ಅಂತ ಇಟ್ಕೊಳ್ಳಿ" ಎಂದು ನಕ್ಕೆ. ಅವರೂ ನಕ್ಕರು. ಹಿಂದೆ ತಿರುಗಿದರೆ ತಂಗಿ ಬಾಗಿಲಲ್ಲಿ ನಿಂತಿದ್ದಳು. ನೋಡುತ್ತಿದ್ದಂತೆ ಒಳಗೆ ಹೋದಳು.

ಹತ್ತು ನೂರಾಯಿತು, ನೂರು ಲಾರಿ ಲೋಡಾಯಿತು. ನಾನು ಕೊಟ್ಟ ಸಸಿಯಿಂದ ಇನ್ನೊಬ್ಬರು, ಅವರದ್ದರಿಂದ ಮತ್ತೊಬ್ಬರು ಕಟ್ಟಿಕೊಂಡರು. ಈಗ ರಟ್ಟಿನ ಪೆಟ್ಟಿಗೆಯ ಮೇಲೆ ದಪ್ಪ ಅಕ್ಷರದಲ್ಲಿ ಮೊದ್ದು ಎಂದು ಅಚ್ಚು ಹಾಕಿಸಿಕೊಂಡು ಹಡಗು ಹತ್ತುತ್ತದೆ. ಆದರೂ ತಾಯಿಮರದ ಕುಡಿಯೇ ಬೇಕು ಎಂದು ನಮ್ಮ ಗೇಟಿಗೆ ಬರುವವರು ಕಡಿಮೆಯಾಗಲಿಲ್ಲ.

ಕಸಿಗೆ ಬೇಕಾದದ್ದು ಬಲಿತ ಕುಡಿ. ಹೂ ಬಿಡುವುದೂ ಅದೇ ಕುಡಿ. ಅದನ್ನು ಕತ್ತರಿಸಿದರೆ ಆ ವರ್ಷ ಅಲ್ಲಿ ಹೂವಿಲ್ಲ. ನಾನು ಪ್ರತಿ ವರ್ಷವೂ ಕತ್ತರಿಸಿದೆ. ಮೂವತ್ತನಾಲ್ಕು ವರ್ಷ ಆ ಮರದಲ್ಲಿ ತಿನ್ನಲು ಒಂದು ಹಣ್ಣೂ ಉಳಿಯಲಿಲ್ಲ.

ತಂಗಿ ಮದುವೆಯಾಗಲಿಲ್ಲ. ಹಿತ್ತಲ ಕಡೆಯ ಕೋಣೆಯಲ್ಲಿ ಹೊಲಿಗೆ ಮೆಷಿನ್ ಹಾಕಿಕೊಂಡು ನನ್ನ ಜೊತೆಯಲ್ಲೇ ಉಳಿದಳು. ವರ್ಷಕ್ಕೊಮ್ಮೆ ಕಿಟಕಿಯಿಂದಲೇ ಕೇಳುತ್ತಿದ್ದಳು.

"ಈ ವರ್ಷ ಒಂದು ಬಿಟ್ಬಿಡಕ್ಕ. ಲೋಕಕ್ಕೆಲ್ಲ ಹಂಚ್ತೀಯ, ಬುಡದಲ್ಲಿ ಕೂತೋಳಿಗೆ ಒಂದು ಹಣ್ಣಿಲ್ಲ."

"ಎಲ್ಲಾ ಒಂದೇ ಮರ ಕಣೆ. ಅಂಗಡಿಯಿಂದ ತಂದ್ರೂ ಅದೇ ಹಣ್ಣು."

"ನಿಂಗೆ ಅದೇ. ನಂಗಲ್ಲ."

"ಸರಿ, ಮುಂದಿನ ವರ್ಷ ನೋಡೋಣ" ಎನ್ನುತ್ತಿದ್ದೆ. ನನಗೆ ಮೂಗಿನ ತುದಿಯಲ್ಲೇ ಕೋಪ. ಎರಡನೆಯ ಸಲ ಕೇಳುವ ಧೈರ್ಯ ಅವಳು ಮಾಡುತ್ತಿರಲಿಲ್ಲ.

ಹೋದ ವರ್ಷದ ಹಿಂದಿನ ಮಳೆಗಾಲದಲ್ಲಿ ಅವಳ ಕಾಲು ಊದಿಕೊಂಡಿತು. ಹೃದಯ ಸೋತಿದೆ, ಬೇಸಿಗೆ ದಾಟುವುದು ಕಷ್ಟ ಎಂದರು ಡಾಕ್ಟರು. ಮರವನ್ನೂ ಕಾಂಡಕೊರಕ ಹುಳು ತಿಂದು, ಜೀವ ಉಳಿದದ್ದು ಅವಳ ಕಿಟಕಿಯ ಕಡೆ ಚಾಚಿದ ಒಂದೇ ಕೊಂಬೆಯಲ್ಲಿ. ಅವಳ ಹಾಸಿಗೆಯ ಪಕ್ಕ ಕೂತು, "ಈ ಸಲ ಕತ್ತರಿ ಮುಟ್ಟಲ್ಲ ಕಣೆ. ಮರದ್ದೇ ಹಣ್ಣು ತಿನ್ನಿಸ್ತೀನಿ, ಅಲ್ಲಿವರೆಗೂ ಇರು" ಎಂದೆ.

"ನೀನು ಬಿಟ್ರೂ ನಿನ್ನ ಕೈ ಬಿಡಬೇಕಲ್ಲ" ಎಂದು ನಕ್ಕಳು.

ವಾರವಾಗಿರಲಿಲ್ಲ, ಆ ಯಜಮಾನರ ಮಗ ಬಂದ. ಈಗ ನರ್ಸರಿ ಅವನದು. ಮರದ ಕೆಳಗೆ ನಿಂತು ತಲೆ ತಿಂದ.

"ಎಂಬತ್ತೇ ಕುಡಿ ಸಾಕಮ್ಮ. ಮರ ಹೇಗೂ ಹೋಗ್ತಾ ಇದೆ. ಇದೇ ಕೊನೇದು ಅಂದ್ಕೊಳ್ಳಿ."

"ಒಂದೂ ಕೊಡಲ್ಲ. ನನ್ನ ತಂಗಿ ಒಳಗೆ ಮಲಗಿದಾಳೆ, ಈ ಹಣ್ಣಿಗೆ ಕಾಯ್ತಿದಾಳೆ. ನಿಮ್ಮಪ್ಪನ ಕಾಲದಿಂದ ಕೊಟ್ಟಿದ್ದು ಸಾಲ್ದಾ?"

ಅವನು ಬಿಡಲಿಲ್ಲ, ನಾನೂ ಬಗ್ಗಲಿಲ್ಲ. ಅರ್ಧ ಗಂಟೆ ಬಾಯಿಗೆ ಬಂದಂತೆ ಬೈದು ಕಳಿಸಿದೆ. ಗೇಟು ಹಾಕಿಕೊಂಡು ಬಂದು ನೋಡುತ್ತೇನೆ, ನಾನು ನಿಂತಿದ್ದ ಜಾಗದಲ್ಲಿ ಹಸಿರೆಲೆಗಳ ರಾಶಿ.

ಕುಡಿ ಕತ್ತರಿಸುವುದಕ್ಕೆ ಹತ್ತು ದಿನ ಮೊದಲು ನಾವು ಅದರ ಎಲೆ ಚಿವುಟುತ್ತೇವೆ, ತೊಟ್ಟು ಮಾತ್ರ ಬಿಡುತ್ತೇವೆ. ಆಗ ತುದಿಯ ಮೊಗ್ಗು ಉಬ್ಬಿ ಕಸಿ ಬೇಗ ಹಿಡಿಯುತ್ತದೆ. ಮೂವತ್ತನಾಲ್ಕು ವರ್ಷ ಯಾರ ಜೊತೆ ಮಾತಾಡುತ್ತಿದ್ದರೂ ನನ್ನ ಉಗುರು ಆ ಕೆಲಸ ಮಾಡಿದೆ. ಕೊಡುವುದಿಲ್ಲ ಎಂದು ಬಾಯಿ ಜಗಳವಾಡುತ್ತಿದ್ದಾಗ ಕೈ ಒಂದೊಂದೇ ಕುಡಿಯನ್ನು ಬಗ್ಗಿಸಿ ಬೋಳಿಸಿತ್ತು. ಇನ್ನು ಆ ಮೊಗ್ಗು ಚಿಗುರೇ ಹೊರತು ಹೂವಾಗುವುದಿಲ್ಲ.

ಎಲೆಗಳನ್ನು ಗುಡಿಸಿ ಗೋಡೆಯಾಚೆ ಹಾಕಿದೆ. ಹತ್ತನೆಯ ದಿನ ಇನ್ನೊಂದು ಮಾಡಿದೆ, ಅದನ್ನೂ ಹೇಳಿಬಿಡುತ್ತೇನೆ. ಹೇಗೂ ಹೂವಿಲ್ಲ, ಉಬ್ಬಿದ ಮೊಗ್ಗನ್ನು ಸುಮ್ಮನೆ ಯಾಕೆ ಹಾಳು ಮಾಡುವುದು ಎಂದು ಅವನನ್ನು ಕರೆಸಿ ಎಂಬತ್ತು ಕುಡಿಯನ್ನೂ ಕೊಟ್ಟೆ.

ಅವಳಿಗೆ ಹೇಗೆ ಹೇಳಲಿ? ಕಣ್ಣು ಮಂಜಾಗಿ ಸೂಜಿಗೆ ದಾರವನ್ನೂ ನಾನೇ ಪೋಣಿಸಿ ಕೊಡಬೇಕಿತ್ತು. ಕಾಣುವುದಿಲ್ಲ ಎಂಬ ಧೈರ್ಯದಲ್ಲಿ ಸುಳ್ಳು ಶುರು ಮಾಡಿದೆ. ದಿನಾ ಬೆಳಿಗ್ಗೆ ಕಾಫಿ ಹಿಡಿದು ಹೋಗಿ ಹಾಸಿಗೆಯ ಅಂಚಿನಲ್ಲಿ ಕೂರುತ್ತಿದ್ದೆ. ಹೂ ಬಂತು ಎಂದೆ. ಕಡಲೆಕಾಳಿನಷ್ಟಾಗಿದೆ ಎಂದೆ. ನಿಂಬೆಹಣ್ಣಿನಷ್ಟಾಗಿದೆ, ಹನ್ನೊಂದು ನಿಂತಿವೆ, ಒಂದನ್ನು ಅಳಿಲು ಕಚ್ಚಿತು ಎಂದೆ. ಅವಳು ಕಣ್ಣರಳಿಸಿ ಕೇಳುತ್ತಿದ್ದಳು. "ಮೂಸಿ ನೋಡಕ್ಕ, ಬಣ್ಣ ನಂಬ್ಬೇಡ" ಎನ್ನುತ್ತಿದ್ದಳು.

ಬೇಸಿಗೆಯ ನಡುವೆ ಅನ್ನ ಸೇರುವುದು ನಿಂತಿತು. ಅಂಗಡಿಯಿಂದ ಒಂದು ಹಣ್ಣು ತಂದೆ. ಸ್ಟಿಕ್ಕರ್ ಕಿತ್ತು, ಅಂಟನ್ನು ಎಣ್ಣೆ ಹಚ್ಚಿ ಒರೆಸಿ, ಹೋಳು ಮಾಡಿ ಬಾಯಿಗಿಟ್ಟೆ. "ತಗೋ, ನಮ್ಮ ಮರದ್ದು."

ನಿಧಾನವಾಗಿ ಚೀಪಿದಳು. ಕಣ್ಣು ಮುಚ್ಚಿದಳು. "ಅದೇ" ಎಂದಳು. ನನಗೆ ಅಳು ತಡೆಯಲಾಗಲಿಲ್ಲ. ಅವಳು ನನ್ನ ಮಣಿಕಟ್ಟು ಹಿಡಿದುಕೊಂಡಳು.

"ಅಳ್ಬೇಡಕ್ಕ. ನೀನು ಎಲೆ ಚಿವುಟಿದ್ದನ್ನ ಅವತ್ತೇ ನೋಡ್ದೆ. ನಂಗೆ ಹತ್ರದ್ದು ಕಾಣಲ್ಲ ಅಷ್ಟೆ, ದೂರದ್ದು ಚೆನ್ನಾಗೇ ಕಾಣುತ್ತೆ. ಕೂಗೋಣ ಅಂದ್ರೆ ಉಸಿರು ಸಾಲ್ಲಿಲ್ಲ."

"ಮತ್ಯಾಕೆ ಇಷ್ಟು ದಿನ ಸುಮ್ನಿದ್ದೆ?" ಎಂದೆ.

"ದಿನಾ ಬಂದು ಕೂತ್ಕೊಂಡು ಕಾಯಿ ಎಷ್ಟು ದಪ್ಪ ಆಯ್ತು ಅಂತ ಹೇಳ್ತಿದ್ಯಲ್ಲ. ನೀನು ನನ್ನ ಹತ್ರ ಅಷ್ಟು ಹೊತ್ತು ಯಾವತ್ತು ಕೂತಿದ್ದೆ, ಹೇಳು? ಅದು ನಿಂತುಹೋಗುತ್ತೆ ಅಂತ ಸುಮ್ನಿದ್ದೆ." ಉಸಿರು ಎಳೆದುಕೊಂಡು, "ಇನ್ನೊಂದು ಹೋಳು ಕೊಡು" ಎಂದಳು.

ಒಂಬತ್ತನೆಯ ದಿನ ಹೋದಳು.

ಆ ಎಂಬತ್ತು ಸಸಿಗಳು ಈಗ ಯಾರ ಯಾರ ಹಿತ್ತಲಲ್ಲಿವೆಯೋ. ಈ ವರ್ಷ ಗೇಟಿಗೆ ಬೀಗ ಹಾಕಿ, ಎರಡು ಕೈಯನ್ನೂ ಕಟ್ಟಿಕೊಂಡು ಮರದಿಂದ ದೂರವೇ ಇದ್ದೆ. ಆ ಕೊಂಬೆ ಹೂ ಬಿಟ್ಟಿತು. ಅವಳ ಕಿಟಕಿಯ ಸರಳಿಗೆ ತಾಗುವಂತೆ ಇಪ್ಪತ್ತಮೂರು ಕಾಯಿ ನಿಂತವು. ಯಾವುದು ಕಾಯಿ, ಯಾವುದು ಹಣ್ಣು ಎಂದು ಮೂಸಿ ಹೇಳುತ್ತಿದ್ದವಳು ಅವಳು. ನಾನು ದಿನಾ ಬೆಳಿಗ್ಗೆ ಕಾಫಿ ಹಿಡಿದುಕೊಂಡು ಅವಳ ಹಾಸಿಗೆಯ ಅಂಚಿನಲ್ಲಿ ಕೂತು ನೋಡುತ್ತೇನೆ. ಒಂದೊಂದೇ ಉದುರುತ್ತಿವೆ.