ಕಾಡಿಗೆ ಹೋದವರ ಹೆಸರು

ಸ್ನಾನದ ಮನೆಯಲ್ಲಿ ಜಾರಿ ಬಿದ್ದು ತಲೆಗೆ ಪೆಟ್ಟು ಮಾಡಿಕೊಂಡ ಗೌರಮ್ಮನನ್ನು ಮಗಳು ಲತಾಮಣಿ ಸಾರಕ್ಕಿಯಿಂದ ಆಟೋದಲ್ಲಿ ಜಯನಗರದ ಆಸ್ಪತ್ರೆಗೆ ಕರೆತಂದಳು. ದಾರಿಯುದ್ದಕ್ಕೂ ಬನಶಂಕರಿ ತಾಯಿಯನ್ನು ನೆನೆದಳು. ಅಪ್ಪ ರಾಮಯ್ಯ ತೀರಿಕೊಂಡು ತಿಂಗಳಾಗಿತ್ತಷ್ಟೆ. ಪೆಟ್ಟು ಬಿದ್ದ ತಲೆಯಿಂದ ಆ ಸಾವೇ ಅಳಿಸಿಹೋಗಿ, "ಎಲ್ಲೇ ನಿಮ್ಮಪ್ಪ?" ಎಂದು ಅಮ್ಮ ಕೇಳಿಬಿಟ್ಟರೆ? ಆ ಸುದ್ದಿಯನ್ನು ಅವಳಿಗೆ ಇನ್ನೊಂದು ಸಲ ಹೇಳುವ ಎದೆ ಲತಾಮಣಿಗೆ ಇರಲಿಲ್ಲ.

ಡಾಕ್ಟರು ಪ್ರಮೋದ್ ಚಿಕ್ಕ ವಯಸ್ಸಿನವರು. ಗಾಯಕ್ಕೆ ಪಟ್ಟಿ ಹಾಕಿಸಿ, "ಅಜ್ಜಿ, ಇವತ್ತು ಯಾವ ವಾರ?" ಎಂದರು.

"ಶುಕ್ರವಾರ. ಇಲ್ದಿದ್ರೆ ನಾನ್ಯಾಕೆ ತಲೆಗೆ ನೀರು ಹಾಕ್ಕೊಳ್ತಿದ್ದೆ?"

"ಯಜಮಾನ್ರ ಹೆಸರು?"

ಗೌರಮ್ಮ ಸೆರಗು ಸರಿಮಾಡಿಕೊಂಡಳು. "ಕಾಡಿಗೆ ಹೋದ್ರು. ತಮ್ಮನೂ ಹಿಂದೇನೇ ಹೋದ."

ಲತಾಮಣಿ ಅಮ್ಮನ ಹತ್ತಿರ ಸರಿದಳು. ಅಪ್ಪನಿಗೆ ತಮ್ಮನೇ ಇರಲಿಲ್ಲ!

"ಹೆಸರು ಹೇಳಿ, ಅಜ್ಜಿ."

"ಹೇಳಿದ್ನಲ್ಲಪ್ಪ, ಕಾಡಿಗೆ ಹೋದ್ರು ಅಂತ."

ಡಾಕ್ಟರು ಲತಾಮಣಿಯ ಮುಖ ನೋಡಿ, "ಸ್ಕ್ಯಾನ್ ಮಾಡಿಸ್ಬೇಕಾಗುತ್ತೆ ಮೇಡಂ," ಎಂದು ತಗ್ಗಿದ ದನಿಯಲ್ಲಿ ಹೇಳಿದರು.

"ಅಮ್ಮಾ, ನಿನ್ನ ಕಾಲಿಗೆ ಬೀಳ್ತೀನಿ, ಅಪ್ಪನ ಹೆಸರು ಹೇಳಮ್ಮ!"

"ನೀನೊಬ್ಳು! ಮದುವೇಲಿ ಹೊಸ್ತಿಲಲ್ಲಿ ತಡೆದು ಕೇಳಿದಾಗ ಗಂಡನ ಹೆಸರು ಫಟ್ ಅಂತ ಒದರಿಬಿಟ್ಟೋಳು. ಲಕ್ಷ್ಮಣ ಯಾರ ಹಿಂದೆ ಹೋದ? ಅದಕ್ಕೊಂದು ಅಯ್ಯ ಸೇರಿಸ್ಕೊ."

ಗಂಡನ ಹೆಸರನ್ನು ಒಮ್ಮೆಯೂ ನೇರವಾಗಿ ಆಡದೆ, ಕೇಳಿದವರಿಗೆಲ್ಲ ಒಗಟು ಹಾಕಿಯೇ ಬಾಳಿದ ಹೆಂಗಸು ಗೌರಮ್ಮ. ಭಯದಲ್ಲಿ ಮಗಳಿಗೆ ಅದೇ ಮರೆತಿತ್ತು.

ಡಾಕ್ಟರ ಅನುಮಾನ ಮಾತ್ರ ಹೋಗಲಿಲ್ಲ. "ಬಾಯಿಪಾಠ ಆಗಿರೋದು ತಲೆಗೆ ಪೆಟ್ಟಾದ್ರೂ ಉಳಿಯುತ್ತೆ, ಮೇಡಂ. ಅಜ್ಜಿ, ನನ್ನ ನೋಡಿ ಹೊಸದೊಂದು ಒಗಟು ಕಟ್ಟಿ, ನೋಡೋಣ."

ಗೌರಮ್ಮನ ಕಣ್ಣು ಫ್ಯಾನಿನ ಮೇಲೆ, ಗೋಡೆಯ ಮೇಲೆ ಅಲೆಯಿತು.

"ಕೊರಳಲ್ಲಿ ಹಾವು, ಶಿವನಲ್ಲ. ಎದೆ ಗುಟ್ಟನ್ನ ಕಿವಿಗೆ ಚಾಡಿ ಹೇಳುತ್ತೆ, ಸೊಸೆಯಲ್ಲ. ಬಿಡಿಸಪ್ಪ!"

ಡಾಕ್ಟರ ಕೈ ತಾನಾಗಿ ಕೊರಳಲ್ಲಿದ್ದ ಸ್ಟೆತಸ್ಕೋಪಿಗೆ ಹೋಯಿತು. ಅವರು ಗಟ್ಟಿಯಾಗಿ ನಕ್ಕರು. ಲತಾಮಣಿಗೆ ನಗು ಬರಲಿಲ್ಲ. ಮುಂದಿನ ಪ್ರಶ್ನೆ ಅವಳಿಗೆ ಗೊತ್ತಿತ್ತು. ಬೇಡವೆಂದು ಕೈ ಎತ್ತುವಷ್ಟರಲ್ಲಿ ಅವರು ಕೇಳಿಯೇಬಿಟ್ಟರು.

"ಯಜಮಾನ್ರು ಈಗ ಎಲ್ಲಿದ್ದಾರೆ, ಅಜ್ಜಿ?"

ಈ ಸಲ ಗೌರಮ್ಮ ಒಗಟು ಹಾಕಲಿಲ್ಲ.

"ಇಲ್ಲಪ್ಪ. ತೀರ್ಕೊಂಡ್ರು. ಹೋದ ತಿಂಗಳು."

ಬೇಡವೆಂದು ಎತ್ತಿದ್ದ ಮಗಳ ಕೈಯನ್ನು ತನ್ನ ಮಡಿಲಿಗೆ ಎಳೆದುಕೊಂಡಳು.

"ಇದಕ್ಕಾ ನೀನು ಹೆದರಿದ್ದು? ಬಿದ್ದು ಕಣ್ಣು ಬಿಟ್ಟಾಗ ನಾನೂ ತಡಕಾಡಿದೆ ಕಣೇ, ಅದೊಂದಾದ್ರೂ ಮರೆತುಹೋಗಿದ್ಯೇನೋ ಅಂತ."