ನಡುವಿನ ಒಂದು ಗೇಣು

ಚಿಕ್ಕೀರಪ್ಪನ ಹನ್ನೊಂದನೇ ದಿನದ ಕಾರ್ಯ ಮುಗಿದ ಮಾರನೇ ಬೆಳಿಗ್ಗೆ ಅವನ ಮಗ್ಗ ಮತ್ತೆ ಸದ್ದು ಮಾಡಿತು. ನಮಗೂ ಅವರಿಗೂ ನಡುವೆ ಒಂದೇ ಗೋಡೆ. ನಾನು ಲಾಳಿ ಹಿಡಿದವನು ಹಾಗೇ ಕೂತೆ.

"ತಿಪ್ಪಮ್ಮಕ್ಕ ಮಗ್ಗದ ಕುಣಿಗಿಳಿದ್ಲು," ಅಂದಳು ನನ್ನ ಹೆಂಡತಿ ಮಾಲಾ.

ಗಂಡ ಹೋದ ಮೇಲೆ ಇಳಿಯದೆ ಏನು ಮಾಡ್ತಾಳೆ? ಮೊಳಕಾಲ್ಮೂರಿನ ನಮ್ಮ ಕೇರಿಯಲ್ಲಿ ಒಂದು ಹಾಸು ಅಂದರೆ ನಾಲ್ಕು ಸೀರೆ. ರೇಷ್ಮೆ ಸಾವ್ಕಾರ್ರದು, ಮಗ್ಗ ನಮ್ಮದು. ನಾಲ್ಕೂ ಸೀರೆ ಇಳಿದ ಮೇಲೇ ಕೂಲಿ. ಚಿಕ್ಕೀರಪ್ಪ ಸಾಯುವಾಗ ಮೂರು ಸೀರೆ ಸಾವ್ಕಾರ್ರ ಬೀರು ಸೇರಿದ್ದವು. ನಾಲ್ಕನೆಯದು ಅರ್ಧ ನೇಯ್ದು ಮಗ್ಗದ ಮೇಲಿತ್ತು.

ಹಿಂದಿನ ದಿನ ಕಾರ್ಯ ಮುಗಿದ ಸಂಜೆಯೇ ಅವಳು ಸಾವ್ಕಾರ್ ಮುರುಗೇಂದ್ರಪ್ಪನವರ ಹತ್ತಿರ ಹೋಗಿದ್ದಳು. ಜೊತೆಗೆ ನಾನಿದ್ದೆ.

"ಮೂರು ಸೀರೆ ಕೂಲಿನಾದ್ರೂ ಕೊಡ್ರಿ ಸಾವ್ಕಾರ್ರೆ. ಆಸ್ಪತ್ರೆಗೆ ಅಂತ ಸಂಘದಲ್ಲಿ ಸಾಲ ತಗಂಡೀನಿ. ವಾರವಾರ ಬಾಗಿಲಿಗೆ ಬಂದು ನಿಲ್ತಾರೆ."

"ಕೂಲಿ ಅವನದು, ಅವನಿಲ್ಲ. ನಾಳೆ ಇನ್ನೊಬ್ಬಳು ಬಂದು ನಾನೂ ಅವನ ಹೆಂಡ್ತಿ ಅಂದ್ರೆ ಯಾರಿಗೆ ಕೊಡ್ಲಿ? ವಂಶವೃಕ್ಷ ಮಾಡಿಸ್ಕಂಡು ಬಾ. ಹಾಸೂ ಮುಗಿಸು."

ಗುಮಾಸ್ತ ವೀರೇಶ್ ಕಿಸಕ್ಕನೆ ನಕ್ಕ.

"ಇದ್ದೊಬ್ಬಳಿಗೇ ಒಂದು ಒಳ್ಳೆ ಸೀರೆ ತರಕ್ಕಾಗ್ಲಿಲ್ಲ ಆ ಮಹರಾಯನಿಗೆ, ಇನ್ನೊಬ್ಬಳಂತೆ," ಅಂತ ತಿಪ್ಪಮ್ಮ ದಾರಿಯುದ್ದಕ್ಕೂ ನಕ್ಕಳು. ಮನೆ ಮುಟ್ಟುವಾಗ ಅಳುತ್ತಿದ್ದಳು.

ವಂಶವೃಕ್ಷ ಕೈಗೆ ಬರಲು ಒಂದೂವರೆ ತಿಂಗಳಾಯಿತು. ಅದರಲ್ಲಿ ಮೂರೇ ಹೆಸರು. ಒಂದರ ಮುಂದೆ ಮೃತ ಅಂತಿತ್ತು. ಮಗಳು ಪವಿತ್ರ ಅದನ್ನು ತನ್ನ ಹಳೇ ಕಾಲೇಜಿನ ಫೈಲಿನಲ್ಲಿಟ್ಟಳು. ಅಪ್ಪ ಕಾಯಿಲೆ ಬಿದ್ದಾಗಲೇ ಅವಳು ಚಳ್ಳಕೆರೆಯ ಕಾಲೇಜು ಬಿಟ್ಟಿದ್ದಳು. ಎರಡು ಅಂಚಿನ ಸೀರೆ ಒಬ್ಬರ ಕೈಲಾಗೋದಲ್ಲ. ಒಬ್ಬರು ಕುಣಿಯೊಳಗೆ, ಇನ್ನೊಬ್ಬರು ಪಕ್ಕದಲ್ಲಿ ಕೂತು ಆ ಕಡೆ ಅಂಚಿನ ಲಾಳಿ ತಿರುಗಿಸಬೇಕು. ನಮ್ಮ ಕೇರಿಯಲ್ಲಿ ಆ ಇನ್ನೊಬ್ಬರು ಯಾವಾಗಲೂ ಹೆಂಡತಿಯೋ ಮಗಳೋ. ಸಾವ್ಕಾರ್ರ ಪುಸ್ತಕದಲ್ಲಿ ಮಾತ್ರ ಒಂದೇ ಹೆಸರು.

ಲೆಕ್ಕದ ದಿನ ತಾಯಿ ಮಗಳು ಸೀರೆ ತಂದರು. ನನ್ನ ಹಾಸೂ ಅದೇ ವಾರ ಮುಗಿದಿತ್ತು. ಕಂಕುಳಲ್ಲಿ ಸೀರೆ ಇಟ್ಟುಕೊಂಡು ಅವರ ಹಿಂದೆ ನಿಂತೆ.

ಮುರುಗೇಂದ್ರಪ್ಪನವರು ಸೀರೆ ಬಿಚ್ಚಿ ಬೆರಳಾಡಿಸುತ್ತಾ ಬಂದರು. ನಡುವೆ ಬೆರಳು ನಿಂತಿತು. ಎತ್ತಿ ಟ್ಯೂಬ್‌ಲೈಟಿಗೆ ಹಿಡಿದರು.

"ಇದನ್ನ ಯಾರು ನೇಯ್ದಿದ್ದು?"

"ನಮ್ಮ ಮಗ್ಗದಾಗೇ ನೇಯ್ದಿದ್ದು."

"ಮಗ್ಗ ಕೇಳ್ಲಿಲ್ಲ, ಕೈ ಕೇಳ್ದೆ. ಶುರುವಿಂದ ಇಲ್ಲಿಗಂಟ ನೋಡು, ಕಲ್ಲಲ್ಲಿ ಕೆತ್ತಿದಂಗೈತೆ. ಇದು ಚಿಕ್ಕೀರಪ್ಪನ ಕೈ. ಮೊದಲಿನ ಮೂರು ಸೀರೆನೂ ಹಿಂಗೇ ಇದ್ವು. ಇಲ್ಲಿಂದಾಚೆ ಒಂದು ಗೇಣು ನೋಡು. ಸೊಳ್ಳೆ ಪರದೆ! ಹೆಂಗಸ್ರ ಕೈ ಅಂದ್ರೆ ಇದೇ. ಆಮೇಲೆ ಭಯ ಬಿದ್ದು ಈ ಕ್ಯಾತಣ್ಣನ ಕೈಲಿ ಮುಗಿಸಿದ್ದೀಯ. ಅಲ್ವೇನಲೇ ಕ್ಯಾತಣ್ಣ?"

ನಾನು ಕಂಕುಳಿನ ಸೀರೆ ಇನ್ನಷ್ಟು ಒತ್ತಿಕೊಂಡೆ. ನನ್ನ ಕೂಲಿಯೂ ಅವರ ಕೈಲಿತ್ತು.

"ಸೀರೆ ಕೆಟ್ಟೋಯ್ತು. ಆ ಮೂರರ ಕೂಲಿ ಈ ನಷ್ಟಕ್ಕೇ ಸಾಲಲ್ಲ. ವೀರೇಶ್, ಚುಕ್ತಾ ಅಂತ ಬರಿ."

ತಿಪ್ಪಮ್ಮ ಮುಂದೆ ಬಂದು ಆ ಗೇಣಿನ ಮೇಲೆ ಅಂಗೈ ಇಟ್ಟಳು.

"ಇದೊಂದೇ ಅವನದು ಸಾವ್ಕಾರ್ರೆ. ಈ ಕಡೇದು, ಆ ಕಡೇದು, ಆ ಮೂರು ಸೀರೆ, ಎಲ್ಲ ನಾನೂ ನನ್ನ ಮಗಳೂ ನೇಯ್ದಿದ್ದು."

ಅದು ಕೇರಿಗೆಲ್ಲ ಗೊತ್ತಿದ್ದ ಮಾತು. ಕಾಯಿಲೆ ಬಿದ್ದ ಮೇಲೆ ಐದು ತಿಂಗಳು ಚಿಕ್ಕೀರಪ್ಪ ಕುಣಿಗಿಳಿದಿರಲಿಲ್ಲ. ಕಾಯಿಲೆ ಸುದ್ದಿ ತಿಳಿದರೆ ಸಾವ್ಕಾರ್ರು ಹಾಸು ಬೇರೆ ಮಗ್ಗಕ್ಕೆ ಕೊಡುತ್ತಾರೆ ಅಂತ ನಾವೆಲ್ಲ ಬಾಯಿ ಮುಚ್ಚಿಕೊಂಡಿದ್ದೆವು. ಸಾಯೋ ಎರಡು ದಿನ ಮುಂಚೆ, "ಒಂದು ಗೇಣಾದ್ರೂ ನಾನೇ ನೇಯ್ತೀನಿ," ಅಂತ ಹಟ ಹಿಡಿದ. ನಾನೇ ಎತ್ತಿ ಇಳಿಸಿದ್ದೆ. ಅವನ ಮೈ ರೇಷ್ಮೆ ಉಂಡೆಯಷ್ಟೂ ಭಾರ ಇರಲಿಲ್ಲ. ಒಂದು ಸಲ ಲಾಳಿ ಎಸೆಯೋದು, ಕೆಮ್ಮೋದು. ಮಧ್ಯಾಹ್ನದಿಂದ ಸಂಜೆಗಂಟ ಒಂದು ಗೇಣು.

ಅವನು ಹೋದ ಮೇಲೆ ಪವಿತ್ರ, "ಅವ್ವಾ, ಅದಷ್ಟು ಬಿಚ್ಚಿ ಮತ್ತೆ ನೇಯಾನ," ಅಂದಿದ್ದಳಂತೆ. "ಅದ್ರ ಮ್ಯಾಲೆ ಕೈ ಇಡಬ್ಯಾಡ," ಅಂದಿದ್ದಳಂತೆ ತಿಪ್ಪಮ್ಮ.

ಮುರುಗೇಂದ್ರಪ್ಪನವರು ಕನ್ನಡಕ ತೆಗೆದು ಒರೆಸಿದರು. ಮತ್ತೆ ಹಾಕಿಕೊಂಡರು.

"ಹಂಗಾದ್ರೆ ಇನ್ನೂ ಸಲೀಸಾಯ್ತು. ಅವನು ನೇಯ್ದಿಲ್ಲ ಅಂದ್ಮೇಲೆ ಅವನಿಗೆ ಕೂಲಿ ಇಲ್ಲ. ನೀನು ನೇಯ್ದಿದ್ದೀಯ ಅಂದ್ರೆ, ನೀನು ನನ್ನ ಪುಸ್ತಕದಲ್ಲೇ ಇಲ್ಲ."

ಪವಿತ್ರ ವಂಶವೃಕ್ಷ ಚಾಚಿಕೊಂಡೇ ನಿಂತಿದ್ದಳು. ಯಾರೂ ತೆಗೆದುಕೊಳ್ಳಲಿಲ್ಲ.

ತಿಪ್ಪಮ್ಮ ಸೀರೆ ಎಳೆದುಕೊಂಡಳು. ಅವಸರ ಮಾಡಲಿಲ್ಲ. ಆ ಗೇಣು ಒಳಗೆ ಬರುವ ಹಾಗೆ ಮಡಚಿದಳು.

"ಏಯ್, ಎಲ್ಲಿಗೆ? ರೇಷ್ಮೆ ನಂದು! ಪೋಲೀಸ್ರನ್ನ ಕರೀತೀನಿ!"

"ಕರೀರಿ. ಎಲ್ಲಿಗಂಟ ಅವನು, ಎಲ್ಲಿಂದ ನಾವು ಅಂತ ಅವ್ರಿಗೂ ತೋರಿಸ್ತೀನಿ. ನಾಲ್ಕು ಸೀರೆ ಕೂಲಿ ತಂದುಕೊಟ್ಟು ಇದನ್ನ ತಗಂಡೋಗ್ರಿ."

ಇಬ್ಬರೂ ಮೆಟ್ಟಿಲಿಳಿದು ಹೋದರು. ಪವಿತ್ರಳ ಒಂದು ಕೈಯಲ್ಲಿ ಆ ಕಾಗದ, ಇನ್ನೊಂದರಲ್ಲಿ ಅವ್ವನ ಸೆರಗು.

"ನಾಳೆ ನೋಡ್ಕೊತೀನಿ ಇವಳನ್ನ. ಮುಂದಿನವನು ಬಾರಲೇ," ಅಂದರು ಸಾವ್ಕಾರ್ರು.

ಮುಂದಿನವನು ನಾನು. ವೀರೇಶ್ ಹಾಳೆ ತಿರುವಿ, ಇಪ್ಪತ್ತು ವರ್ಷದಿಂದ ಗೊತ್ತಿರುವುದನ್ನೇ ಕೇಳಿದ.

"ಹೆಸರು?"

ಮನೆಯಲ್ಲಿ ಮಾಲಾ ಒಲೆ ಹಚ್ಚದೆ ಕಾಯುತ್ತಿದ್ದಳು, ಈ ದುಡ್ಡಿನಲ್ಲೇ ಅಕ್ಕಿ ಬರಬೇಕಿತ್ತು.

"ಮಾಲಾ," ಅಂದೆ.

"ಏನು?"

"ಮಾಲಾ ಅಂತ ಬರಿಯಪ್ಪ. ಅದರ ಕೆಳಗೆ ಕ್ಯಾತಣ್ಣ."

ವೀರೇಶ್ ಸಾವ್ಕಾರ್ರ ಮುಖ ನೋಡಿದ. ಸಾವ್ಕಾರ್ರು ನನ್ನ ಮುಖ ನೋಡಿದರು. ನನ್ನ ಹಿಂದೆ ಇನ್ನೂ ಏಳು ಜನ ನಿಂತಿದ್ದರು. ಒಬ್ಬರೂ ಕದಲಲಿಲ್ಲ.

ಪೆನ್ನು ಕೆಳಗಿಳಿಯಲಿಲ್ಲ. ನಾನೂ ಕಂಕುಳಲ್ಲಿದ್ದ ಸೀರೆ ಕೆಳಗಿಡಲಿಲ್ಲ.